ಎರಡನೆಯ ಕಿವಿ

ಶುಕ್ರವಾರ ಸಂಜೆ ತಿರುವನಂತಪುರದಿಂದ ಕೊಚ್ಚಿಯ ಕಡೆ ಹೊರಡುವ ರೈಲಿನಲ್ಲಿ ಎರಡೂ ಕಿವಿಗೆ ಹತ್ತಿ ಇಟ್ಟುಕೊಂಡು ಕೂತ ಹೆಂಗಸು ಕಂಡರೆ ಅವಳೇ ವಿನೋದಾ. ಶೀತವೇನೂ ಆಗಿರುವುದಿಲ್ಲ. ವಾರವಿಡೀ ಊರವರ ಮಾತು ಕೇಳಿ ಕೇಳಿ ಅವಳಿಗೆ ಸಾಕುಸಾಕಾಗಿರುತ್ತದೆ. ನಾನು ತಿರುವನಂತಪುರದ ಪಟ್ಟಂನಲ್ಲಿ ಕೇಂದ್ರ ಸರ್ಕಾರದ ಒಂದು ಕಚೇರಿಯಲ್ಲಿದ್ದೇನೆ, ಮೈಸೂರಿನವಳು. ಮನೆ ಕೊಚ್ಚಿಯಲ್ಲಿರುವುದರಿಂದ ನನಗೂ ಅದೇ ರೈಲೇ ಗತಿ. ನಮ್ಮ ಕಚೇರಿಯಲ್ಲಿ ಕಿವಿಗೆ ಅಂಥ ಶ್ರಮವಿಲ್ಲ, ಯಾರು ಹೇಳಿದ್ದನ್ನೂ ಯಾರೂ ಕೇಳಿಸಿಕೊಳ್ಳುವುದಿಲ್ಲ.

ವಿನೋದಾ ಕಾಸರಗೋಡಿನ ಮುಳ್ಳೇರಿಯ ಕಡೆಯವಳು. ಗಂಡ ಸುಬ್ರಾಯ ಕೊಚ್ಚಿಯ ಮಟ್ಟಾಂಚೇರಿಯಲ್ಲಿ ಬ್ಯಾಂಕ್ ನೌಕರ. ಒಬ್ಬಳೇ ಮಗಳು ಸಮೀಕ್ಷಾ ಹನ್ನೊಂದನೆಯ ತರಗತಿಯಲ್ಲಿ ಓದುತ್ತಾಳೆ. ಅಮ್ಮ ಕನ್ನಡದಲ್ಲಿ ಕೇಳಿದರೆ ಮಗಳು ಮಲಯಾಳದಲ್ಲಿ ಉತ್ತರ ಕೊಡುತ್ತಾಳೆ. ವಿನೋದಾಳ ಕೆಲಸ ಮಾತ್ರ ತಿರುವನಂತಪುರದ ಐಟಿ ಪಾರ್ಕಿನಲ್ಲಿ. ಸೋಮವಾರ ನಸುಕಿಗೆ ಹೊರಟರೆ ಶುಕ್ರವಾರದವರೆಗೆ ಹಾಸ್ಟೆಲ್ ವಾಸ.

ಮೊಬೈಲ್ ಕಂಪನಿಯೊಂದಕ್ಕೆ ಗಿರಾಕಿಗಳು ಮಾಡುವ ಕರೆಗಳನ್ನು ಯಂತ್ರ ಕೇಳಿ ಅಕ್ಷರಕ್ಕಿಳಿಸುತ್ತದೆ. ಅದು ತಪ್ಪಿದಲ್ಲಿ ಇವಳು ತಿದ್ದಬೇಕು. ಯಂತ್ರಕ್ಕೆ ಇಂಗ್ಲಿಷಿನ ವ್ಯಾಮೋಹ ಜಾಸ್ತಿ. ಮಲಯಾಳಿ ಹುಡುಗರು ಜೀವದ ಗೆಳೆಯನನ್ನು 'ಚಂಕ್' ಎಂದರೆ ಅದು ತುಂಡು, ಗಡ್ಡೆ ಎಂದುಕೊಳ್ಳುತ್ತದೆ. ಯಾರಿಗೋ ಕಾದು ಕಾದು ಬೇಸತ್ತವನು 'ಪೋಸ್ಟಾದೆ' ಎಂದರೆ ಅಂಚೆಗೆ ಹೋಗುತ್ತದೆ. 'ಸೀನ್' ಎಂದರೆ ಅವರಲ್ಲಿ ತೊಂದರೆ, 'ಸೀನ್ ಇಲ್ಲ' ಎಂದರೆ ಏನೂ ತೊಂದರೆಯಿಲ್ಲ. ಯಂತ್ರ ನಾಟಕದ ದೃಶ್ಯ ಹುಡುಕುತ್ತದೆ. ಇವನ್ನೆಲ್ಲ ವಿನೋದಾ ಮಗಳ ಬಾಯಿಂದಲೇ ಕಲಿತವಳು. ಆಫೀಸಿನಲ್ಲಿ ಅವಳ ಸಮಕ್ಕೆ ಯಾರೂ ಇರಲಿಲ್ಲ.

ಪದ ತಿದ್ದಿದ ಮೇಲೆ ಮಾತಾಡಿದವರ ಮನಸ್ಸು ಹೇಗಿತ್ತೆಂದು ಗುರುತು ಹಾಕಬೇಕು: ಸಂತೋಷ, ಸಿಟ್ಟು, ಬೇಸರ, ಸಾಧಾರಣ, ತುರ್ತು. ಒಂದೇ ಕರೆಯನ್ನು ಇಬ್ಬರು ಬೇರೆ ಬೇರೆಯಾಗಿ ಕೇಳುತ್ತಾರೆ. ಅವರಿಗೆ ಮೊದಲ ಕಿವಿ, ಎರಡನೆಯ ಕಿವಿ ಎಂದು ಹೆಸರು. ಇಬ್ಬರ ಗುರುತೂ ಹೊಂದಿದರೆ ಸರಿ. ಹೊಂದದಿದ್ದರೆ ಮೇಲಿನವರು ನೋಡಿ ಯಾರದು ತಪ್ಪೋ ಅವರ ಅಂಕ ಕತ್ತರಿಸುತ್ತಾರೆ. ಹಾಗಾಗಿ ತಾನು ಕೇಳಿದ್ದನ್ನು ಅಲ್ಲಿ ಯಾರೂ ಬರೆಯುವುದಿಲ್ಲ, ಇನ್ನೊಬ್ಬರು ಏನು ಬರೆದಾರು ಎಂಬುದನ್ನು ಬರೆಯುತ್ತಾರೆ. ಅನುಮಾನ ಬಂದಲ್ಲೆಲ್ಲ ಕಣ್ಣು ಮುಚ್ಚಿ 'ಸಾಧಾರಣ'. "ನಮ್ಮ ಲೆಕ್ಕದಲ್ಲಿ ಇಡೀ ಕೇರಳ ಸಾಧಾರಣವಾಗಿ ಉಂಟು ಅಕ್ಕಾ" ಎಂದು ಅವಳೊಮ್ಮೆ ನಕ್ಕಿದ್ದಳು. ನಗುವುದಕ್ಕೂ ತ್ರಾಣ ಇರಲಿಲ್ಲ, ಪಾಪ.

ಈ ವರ್ಷ ಅವರ ಕೊಚ್ಚಿ ಶಾಖೆಯಲ್ಲಿ ಒಂದು ಜಾಗ ಖಾಲಿಯಾಯಿತು. ಅಂಕ ಕೆಡದೆ ಉಳಿದರೆ ಅದು ವಿನೋದಾಗೇ ಎಂದು ಮೇಲಿನವರು ಬಾಯಿಬಿಟ್ಟು ಹೇಳಿದ್ದರು. ಹಾಸ್ಟೆಲ್ಲಿನ ಸಾರು, ರೈಲಿನ ನೂಕುನುಗ್ಗಲು ಎರಡೂ ತಪ್ಪುತ್ತಿದ್ದವು. ಎಲ್ಲಕ್ಕಿಂತ ಹೆಚ್ಚಾಗಿ ಮಗಳನ್ನು ದಿನಾ ಕಣ್ಣಾರೆ ನೋಡಬಹುದಿತ್ತು. ದಿನಾ ಸಂಜೆ ಫೋನಿನಲ್ಲಿ ಅವಳು 'ಸೀನ್ ಇಲ್ಲ' ಎಂದು ಎರಡು ಮಾತಾಡಿ ಇಟ್ಟುಬಿಡುತ್ತಿದ್ದಳು. ಮಗಳ ಜೊತೆ ಕೂತು ಊಟ ಮಾಡುವುದನ್ನು ವಿನೋದಾ ನನ್ನೆದುರು ಎಷ್ಟು ಸಲ ಬಣ್ಣಿಸಿದ್ದಳೋ. ಆ ಜಾಗ ಸಿಗಲಿ ಎಂದು ನಾನೂ ಹರಕೆ ಹೊರುವುದೊಂದು ಬಾಕಿ.

ಆಗ ಬಂತು ಆ ಕರೆ. ಒಬ್ಬಳು ಹುಡುಗಿ, ತನ್ನ ನಂಬರು ನಿಲ್ಲಿಸಿಬಿಡಿ ಎಂದು ಕೇಳುತ್ತಿದ್ದಳು. ಯಾಕೆ ಎಂದರೆ ನಗುತ್ತಾಳೆ. ಹೇಗೂ ಯಾರೂ ಫೋನ್ ಮಾಡುವುದಿಲ್ಲ, ಇನ್ನು ಬೇಡ ಎನ್ನುತ್ತಾಳೆ. ಬೇರೆ ಕಂಪನಿಗೆ ಹೋಗುತ್ತೀರಾ ಎಂದು ಆ ಕಡೆಯವನು ಕೇಳಿದರೆ ಇಲ್ಲ, ಎಲ್ಲಿಗೂ ಇಲ್ಲ, ಸೀನ್ ಇಲ್ಲ ಎಂದು ಮತ್ತೆ ನಗು. ಪದಗಳಲ್ಲಿ ಯಾವ ತಕರಾರೂ ಇರಲಿಲ್ಲ. ಆ ಕರೆಗೆ ಮೊದಲ ಕಿವಿಯಾಗಿದ್ದ ಸಹೋದ್ಯೋಗಿ ವಿಲ್ಸನ್ ಸಾಧಾರಣ ಎಂದೇ ಹಾಕಿರುತ್ತಾನೆಂದು ವಿನೋದಾಗೆ ಗೊತ್ತು. ಆದರೆ ನಗುವಿಗೆ ಮುಂಚೆ ಪ್ರತಿ ಸಲವೂ ಆ ಹುಡುಗಿ ಉಗುಳು ನುಂಗುತ್ತಿದ್ದಳು. ವಿನೋದಾ ಅದನ್ನು ಮತ್ತೆ ಮತ್ತೆ ಕೇಳಿದಳು. ಕೈ ಸಾಧಾರಣದ ಮೇಲೆ ಹೋಗಿ ಹೋಗಿ ಹಿಂದೆ ಬಂತು. ಕೊನೆಗೆ 'ತುರ್ತು' ಒತ್ತಿದಳು.

ತುರ್ತು ಎಂದರೆ ಮೇಲಿನವರು ಆ ನಂಬರಿಗೆ ವಾಪಸು ಫೋನ್ ಮಾಡಲೇಬೇಕು. ಮಾಡಿದರು. ಹುಡುಗಿ ಎತ್ತಿದಳು, ಸುಮ್ಮನೆ ತಮಾಷೆಗೆ ಹೇಳಿದ್ದು ಎಂದಳು, ಇಟ್ಟಳು. ಅಲ್ಲಿಗೆ ವಿನೋದಾಳ ಗುರುತು ತಪ್ಪೆಂದು ತೀರ್ಮಾನವಾಯಿತು. ಅಂಕ ಇಳಿಯಿತು, ಕೊಚ್ಚಿಯ ಜಾಗ ಬೇರೆಯವರ ಪಾಲಾಯಿತು. ಆ ಶುಕ್ರವಾರ ರೈಲಿನಲ್ಲಿ ಇದನ್ನೆಲ್ಲ ಹೇಳುವಾಗ ಅವಳ ಕಣ್ಣಲ್ಲಿ ನೀರೂ ಇರಲಿಲ್ಲ. ಬಾಯಿ ಮುಚ್ಚಿಕೊಂಡು ಎಲ್ಲರಂತೆ ಒತ್ತಿದ್ದರೆ ನಿನ್ನ ಗಂಟೇನು ಹೋಗುತ್ತಿತ್ತು ಎಂದು ಬೈದೂಬಿಟ್ಟೆ. ಅವಳು ತೆಗೆದಿಟ್ಟಿದ್ದ ಹತ್ತಿಯನ್ನು ಮತ್ತೆ ಕಿವಿಗೆ ಇಟ್ಟುಕೊಂಡಳು.

ಸೋಮವಾರದ ರೈಲಿನಲ್ಲಿ ಅವಳಿರಲಿಲ್ಲ. ಬೈದದ್ದು ಮನಸ್ಸಿನಲ್ಲಿ ಕೊರೆಯುತ್ತಿತ್ತು, ಮಧ್ಯಾಹ್ನ ನಾನೇ ಫೋನ್ ಮಾಡಿದೆ. ಜಾಗ ಹೋದ ಸುದ್ದಿಯನ್ನು ಮನೆಯಲ್ಲಿ ಹಿಂದಿನ ದಿನ ಊಟಕ್ಕೆ ಕೂತಾಗ ಹೇಳಿದಳಂತೆ. ಸುಬ್ರಾಯ ಹೋಗಲಿ ಬಿಡು ಎಂದರು. ಮಗಳು ಮಾತ್ರ ಆ ಹುಡುಗಿ ಏನೇನು ಅಂದಳು ಎಂದು ಬಿಡಿಸಿ ಬಿಡಿಸಿ ಕೇಳಿದಳು. ಅಮ್ಮ ಎಲ್ಲ ಹೇಳಿದ ಮೇಲೆ ತಟ್ಟೆಯಲ್ಲಿ ಬೆರಳಾಡಿಸುತ್ತಾ, ಅಪರೂಪಕ್ಕೆ ಕನ್ನಡದಲ್ಲಿ ಮಾತಾಡಿದಳಂತೆ.

"ನಾನು ಫೋನಿನಲ್ಲಿ ಹೇಳುವುದು ಸಹ ಹಾಗೇ ಅಲ್ವಾ ಅಮ್ಮ. ನಿಮಗೆ ಕೇಳಲೇ ಇಲ್ಲ."

ಸಮೀಕ್ಷಾ ಎಷ್ಟೋ ದಿನದಿಂದ ಶಾಲೆಗೇ ಹೋಗುತ್ತಿರಲಿಲ್ಲ. ಬೆಳಿಗ್ಗೆ ಯೂನಿಫಾರ್ಮ್ ಹಾಕಿಕೊಂಡು ಹೊರಟು, ಫೋರ್ಟ್ ಕೊಚ್ಚಿಯ ಕಡಲ ದಂಡೆಯಲ್ಲಿ ಒಬ್ಬಳೇ ಕೂತು, ಹೊತ್ತಿಗೆ ಸರಿಯಾಗಿ ಮನೆಗೆ ಬರುತ್ತಿದ್ದಳು. ಅಪ್ಪನಿಗೂ ಗೊತ್ತಾಗಿರಲಿಲ್ಲ. ಯಾಕೆ, ಏನಾಯಿತು ಎಂದು ನಾನು ಕೇಳತೊಡಗಿದೆ. ವಿನೋದಾ ನನ್ನನ್ನು ಅರ್ಧಕ್ಕೇ ತಡೆದಳು. ದನಿ ತೀರಾ ತಗ್ಗಿತ್ತು.

"ಈಗಷ್ಟೇ ಹೇಳ್ಲಿಕ್ಕೆ ಶುರು ಮಾಡಿದ್ದಾಳೆ ಅಕ್ಕಾ. ಇಡ್ತೇನೆ."