ಕೊನೆಗೂ ಮಾತಾಡಿದ ಡೀಬಗ್ಗರ್

ಮೊನ್ನೆ ಮಂಗಳವಾರ ಹೂಟಗಳ್ಳಿಯ ನಮ್ಮ ಪುಟ್ಟ ಕಂಪನಿಯಲ್ಲಿ ನಾನು ಎದ್ದು ನಿಂತ ರಭಸಕ್ಕೆ ಕುರ್ಚಿ ಹಿಂದಕ್ಕೆ ಬಿತ್ತು. ಸಿಟ್ಟಿಗಲ್ಲ, ಖುಷಿಗೆ.

ಅವಧಿಗೆ ಮುಂಚೆ ಹುಟ್ಟಿದ ಕೂಸುಗಳನ್ನು ಬೆಚ್ಚಗಿಡುವ ಯಂತ್ರವೊಂದನ್ನು ನಾನು ಮತ್ತು ಸಹೋದ್ಯೋಗಿ ಮಹದೇವಸ್ವಾಮಿ ಸೇರಿ ಮಾಡುತ್ತಿದ್ದೇವೆ. ಮಗುವಿನ ಮೈ ಸಾಕಷ್ಟು ಬೆಚ್ಚಗಾದರೆ ಹೀಟರ್ ತಾನೇ ಆಫ್ ಆಗಬೇಕು. ಅವತ್ತು ಆಗಲಿಲ್ಲ. (ಗಾಬರಿ ಬೇಡ, ಒಳಗೆ ಮಲಗಿದ್ದು ನೀರು ತುಂಬಿದ ರಬ್ಬರ್ ಚೀಲ.) ಸಂಜೆ ಕುವೆಂಪುನಗರದಿಂದ ಮಕ್ಕಳ ಡಾಕ್ಟರ್ ನಾಗರತ್ನ ಅದನ್ನು ನೋಡಲು ಬರುವವರಿದ್ದರು. ಅವರ ನರ್ಸಿಂಗ್ ಹೋಮಿನಲ್ಲಿ ಇಂಥದ್ದಿಲ್ಲ. ಅಂಥ ಕೂಸುಗಳನ್ನು ಬೇರೆ ಆಸ್ಪತ್ರೆಗೆ ಸಾಗಿಸಬೇಕು.

ತಪ್ಪು ಎಲ್ಲಿದೆ? ಯಂತ್ರವನ್ನು ನಡೆಸುವ ಎಲೆಕ್ಟ್ರಾನಿಕ್ ಚಿಪ್‌ನೊಳಗೆ ಇಣುಕಲು ನಮಗಿರುವುದು ಡೀಬಗ್ಗರ್ ಎಂಬ ಪುಟ್ಟ ಡಬ್ಬಿ. ಅದರ ಒಂದು ತುದಿ ಯಂತ್ರಕ್ಕೆ, ಇನ್ನೊಂದು ಕಂಪ್ಯೂಟರಿನ ಬೆನ್ನಿಗೆ, ಪ್ರಿಂಟರ್ ಸಿಕ್ಕಿಸುವ ಜಾಗಕ್ಕೆ. ಡಬ್ಬಿಗೂ ಕಂಪ್ಯೂಟರಿಗೂ ನಡುವಿನ ದುಭಾಷಿಯೇ ಡ್ರೈವರ್ ಎಂಬ ಸಾಫ್ಟ್‌ವೇರ್. ಸರಿಯಾದ ಹೊತ್ತಿಗೆ ಅದು ಕೈಕೊಟ್ಟಿತು. 'ಡಿವೈಸ್ ಸಿಗುತ್ತಿಲ್ಲ' ಅಂತ ಪರದೆ ಮೇಲೆ ಒಂದೇ ರಾಗ.

"ಡಬ್ಬಿ ಸತ್ತೋಗಿದೆ ಕಣ್ರೀ ಮೇಡಂ. ಡಾಕ್ಟರಿಗೆ ಮುಂದಿನ ವಾರ ಬನ್ನಿ ಅಂತ ಹೇಳ್ಬುಡೋಣ," ಅಂದರು ಮಹದೇವಸ್ವಾಮಿ.

"ಮುಂದಿನ ವಾರ ಹುಟ್ಟಿ ಅಂತ ಕೂಸುಗಳಿಗೆ ಯಾರು ಹೇಳ್ತಾರೆ?" ಅಂದೆ.

ಡ್ರೈವರ್ ಕಿತ್ತೆಸೆದು ಮತ್ತೆ ಹಾಕಿದೆ. ಕೇಬಲ್ ಬದಲಿಸಿದೆ. ಊಹೂಂ. ಆಮೇಲೆ ಕಣ್ಣಿಗೆ ಬಿತ್ತು: ಡಬ್ಬಿ ಆಗೊಮ್ಮೆ ಈಗೊಮ್ಮೆ ಕ್ಷಣಮಾತ್ರ ಸಿಕ್ಕಿ, ತಟ್ಟನೆ ಕಳಚಿಕೊಳ್ಳುತ್ತಿದೆ. ಸತ್ತವರು ಹಾಗೆ ಮಾಡುತ್ತಾರೆಯೇ?

"ಸ್ವಾಮಿಯವರೇ, ಈ ಕಂಪ್ಯೂಟರಿಗೆ ಮೊದಲು ಏನು ಸಿಕ್ಕಿಸಿದ್ರಿ?"

"ಪ್ರಿಂಟರ್. ಹೋದ ವಾರ ಅಕೌಂಟ್ಸಿನವರಿಗೆ ಕೊಟ್ಬುಟ್ವಲ್ಲ."

ಪ್ರಿಂಟರ್ ಹೋಗಿತ್ತು. ಅದರ ಸಾಫ್ಟ್‌ವೇರ್ ಹೋಗಿರಲಿಲ್ಲ! ಒಳಗೇ ಕೂತು, ಅದೇ ದಾರಿಯಲ್ಲಿ, 'ಪ್ರಿಂಟರ್ ಇದೆಯಾ, ಪೇಪರ್ ಇದೆಯಾ' ಎಂದು ಪದೇ ಪದೇ ವಿಚಾರಿಸುತ್ತಿತ್ತು. ಆ ಗಲಾಟೆಯಲ್ಲಿ ನಮ್ಮ ಡಬ್ಬಿಯ ಮಾತು ಕೇಳುವವರಾರು? ಪ್ರಿಂಟರಿನ ಸಾಫ್ಟ್‌ವೇರನ್ನು ತೆಗೆದುಹಾಕಿದೆ. ಡಬ್ಬಿಯ ಹಸಿರು ದೀಪ ಹೊತ್ತಿತು, ಆರಲಿಲ್ಲ. ಪರದೆ ತುಂಬ ಚಿಪ್‌ನೊಳಗಿನ ಅಂಕಿಗಳು. ಕುರ್ಚಿ ಬಿದ್ದದ್ದು ಆಗಲೇ.

ನಿಜವಾದ ತಪ್ಪು ಈಗ ಎದುರಿಗೇ ಇತ್ತು. ಬಿಸಿಯ ಅಂಕಿ ಇಡಲು ನಾವು ಕೊಟ್ಟ ಜಾಗ ತೀರ ಚಿಕ್ಕದು. ೨೫೫ (ಡಿಗ್ರಿಯಲ್ಲ, ಸೆನ್ಸರಿನ ಸ್ವಂತ ಲೆಕ್ಕ) ದಾಟಿದರೆ ಅಂಕಿ ಸೊನ್ನೆಗೆ ಹೊರಳುತ್ತಿತ್ತು. ಮಗು ತಣ್ಣಗಿದೆ ಎಂದುಕೊಂಡು ಹೀಟರ್ ಇನ್ನಷ್ಟು ಕಾಯುತ್ತಿತ್ತು. ನಮ್ಮ ಪ್ರೋಗ್ರಾಮಿನಲ್ಲಿ ಇಬ್ಬರೂ ಎಷ್ಟೋ ಸಲ ಓದಿ ದಾಟಿದ್ದ ಸಾಲು ಅದು. ತಿದ್ದಿದೆವು. ಚೀಲ ಹದವಾಗಿ ಬೆಚ್ಚಗಾಯಿತು, ಹೀಟರ್ ಟಕ್ಕೆಂದು ಆರಿತು. ಮಹದೇವಸ್ವಾಮಿ ಚೀಲದ ಬೆನ್ನು ತಟ್ಟಿದರು.

ಸಂಜೆ ಡಾಕ್ಟರಮ್ಮ ಬಂದರು. ಹೀಟರಿನ ಕೆಳಗೆ ಅಂಗೈ ಚಾಚಿ, ಅದು ಆರುವುದನ್ನೂ ಮತ್ತೆ ಹೊತ್ತುವುದನ್ನೂ ಕಾದು ನೋಡಿದರು. ಹೊಗಳಲಿಲ್ಲ. "ಇದು ಸರಿ. ಇನ್ನೊಂದು ಯಾವಾಗ ಕೊಡ್ತೀರಿ?" ಅಂದರು.

ನಿಮ್ಮ ಕೆಲಸ ನೋಡಿ ಯಾರಾದರೂ ಹೀಗೆ ಕೇಳಿ ಎಷ್ಟು ಕಾಲವಾಯಿತು?