ನನ್ನ ತಲೆ ನೋಡಿದ ಸಾಹೇಬ

ನನ್ನ ತಲೆ ನೆಟ್ಟಗಿದೆ ಎಂದು ಸರಕಾರದ ಸಿಕ್ಕೆ ಒತ್ತಿದ ಕಾಗದ ನನ್ನ ಹತ್ತಿರ ಇದೆ. ಮೂಡಲಗಿಯಲ್ಲಿ ಇನ್ನಾರ ಹತ್ತಿರ ಇಂಥದ್ದಿದೆ, ತೋರಿಸಲಿ ನೋಡೋಣ. ನನ್ನನ್ನು ಹುಚ್ಚಿ ಎಂದವರಲ್ಲಿ ಒಬ್ಬರೂ ತಮ್ಮ ತಲೆಯನ್ನು ಯಾವ ಡಾಕ್ಟರನಿಗೂ ತೋರಿಸಿಕೊಂಡವರಲ್ಲ. ತೋರಿಸಿದ್ದರೆ ಹುಕ್ಕೇರಿಯಿಂದ ಧಾರವಾಡದ ಹುಚ್ಚರ ಆಸ್ಪತ್ರೆಗೆ ಸಾಲುಗಟ್ಟಿ ಗಾಡಿ ಹೂಡಬೇಕಾಗುತ್ತಿತ್ತು.

ಹುಕ್ಕೇರಿ ನನ್ನ ಗಂಡನ ಊರು. ಹನ್ನೆರಡಕ್ಕೆ ಆ ಮನೆಗೆ ಹೋದೆ, ಇಪ್ಪತ್ತೊಂದಕ್ಕೆ ವಿಧವೆಯಾದೆ. ಊರೂರನ್ನೇ ಗುಡಿಸಿಕೊಂಡು ಹೋದ ಮಾನಮೋಡಿ ಜ್ವರ ಅವನನ್ನು ನಾಲ್ಕೇ ದಿನದಲ್ಲಿ ಮುಗಿಸಿತು. ಮಗಳಿಗೆ ಆಗ ಎರಡು ವರ್ಷ. ಬದುಕಿದ್ದಾಗಲೇ ಅವನು ತಮ್ಮನಿಂದ ಪಾಲು ತೆಗೆದುಕೊಂಡು ಬೇರೆಯಾಗಿದ್ದ. ಆ ಹೊಲ ಈಗ ನನಗೆ ಮತ್ತು ಮಗಳಿಗೆ ಬಂತು. ಮೈದುನನಿಗೆ ಅಣ್ಣ ಹೋದ ದುಃಖ ಹದಿಮೂರು ದಿನಕ್ಕೆ ಆರಿತು, ಹೊಲ ಹೋದ ದುಃಖ ಆರಲಿಲ್ಲ.

ಅವನ ಹೆಂಡತಿಗೆ ಯಮಕನಮರಡಿಯಲ್ಲಿ ಒಬ್ಬ ಅಣ್ಣನಿದ್ದ. ಮೊದಲ ಹೆಂಡತಿಯನ್ನು ಮಣ್ಣು ಮಾಡಿ ಬಂದವನು, ಮೀಸೆ ಅರ್ಧ ಬೆಳ್ಳಗಾದವನು. ನನ್ನ ಮಗಳನ್ನು ಅವನಿಗೆ ಕೊಟ್ಟರೆ ಹೊಲ ಹೊರಗೆ ಹೋಗುವುದಿಲ್ಲ ಎಂದು ಮೈದುನ ಹಂಚಿಕೆ ಹಾಕಿದ. ಮಗಳಿಗೆ ಇನ್ನೂ ಐದು ತುಂಬಿರಲಿಲ್ಲ. ಮೂಗು ಒರೆಸಿಕೊಳ್ಳಲು ನನ್ನ ಸೆರಗು ಹುಡುಕುತ್ತಿದ್ದಳು. ಮಾತು ಕಿವಿಗೆ ಬಿದ್ದ ಮರುದಿನವೇ ಅವಳನ್ನು ಬಗಲಲ್ಲಿ ಎತ್ತಿಕೊಂಡು ತವರಿಗೆ, ಮೂಡಲಗಿಗೆ, ಬಂದುಬಿಟ್ಟೆ.

ತಾಯಿಯ ಕೈಯಿಂದ ಮಗುವನ್ನು ಕಸಿಯುವುದು ಹೇಗೆ? ತಾಯಿಗೆ ಹುಚ್ಚು ಎಂದರಾಯಿತು. ಮೈದುನ ಕೋರ್ಟಿಗೆ ಅರ್ಜಿ ಹಾಕಿದ. ಗಂಡ ಸತ್ತ ದಿನ ಇವಳು ಅಳಲಿಲ್ಲ, ಮೂರು ತಿಂಗಳು ಬಿಟ್ಟು ರೊಟ್ಟಿ ಬಡಿಯುವಾಗ ಅತ್ತಳು ಎಂದು ಅದರಲ್ಲಿ ಬರೆಸಿದ್ದ. ಎಮ್ಮೆಯ ಜೊತೆ ಮಾತಾಡುತ್ತಾಳೆ, ಅತ್ತೆಗೆ ಎದುರುತ್ತರ ಕೊಡುತ್ತಾಳೆ, ಅಂಗಡಿಯಿಂದ ಪುಡಿಕೆ ಕಟ್ಟಿಕೊಟ್ಟ ಕಾಗದವನ್ನು ಬಿಚ್ಚಿ ಓದುತ್ತ ಕೂಡುತ್ತಾಳೆ ಎಂದೂ ಇತ್ತು. ಎಲ್ಲವೂ ಖರೆ. ಎಮ್ಮೆಯ ಜೊತೆ ಮಾತಾಡುತ್ತಿದ್ದೆ, ಏಕೆಂದರೆ ಆ ಮನೆಯಲ್ಲಿ ಹೇಳಿದ್ದನ್ನು ಪೂರ್ತಿ ಕೇಳಿಸಿಕೊಳ್ಳುತ್ತಿದ್ದ ಜೀವ ಅದೊಂದೇ. ಗಂಡ ಸತ್ತ ದಿನ ಏಕೆ ಅಳಲಿಲ್ಲ ಎಂಬುದು ಮಾತ್ರ ನನಗೆ ಇಂದಿಗೂ ಗೊತ್ತಿಲ್ಲ.

ಬೆಳಗಾವಿಯ ದೊಡ್ಡ ಡಾಕ್ಟರು ಗೋಕಾಕಕ್ಕೆ ಬರುವವರಿದ್ದಾರೆ, ಅವರು ಈ ಹೆಂಗಸನ್ನು ಪರೀಕ್ಷೆ ಮಾಡಿ ಬರೆದುಕೊಡಲಿ ಎಂದು ಕೋರ್ಟು ಹೇಳಿತು. ಹುಚ್ಚು ಎಂದು ಬರೆದರೆ ನಾನು ಧಾರವಾಡಕ್ಕೆ, ಮಗಳು ಮೈದುನನ ಮನೆಗೆ. ಇಲ್ಲ ಎಂದು ಬರೆದರೆ ಮಗಳು ನನ್ನವಳು. ನಡುವೆ ಮೂರನೆಯ ದಾರಿ ಇರಲಿಲ್ಲ.

ತಲೆ ನೆಟ್ಟಗಿರುವ ಶಾಣ್ಯಾರ ಹಾಗೆ ಕಾಣುವುದು ಹೇಗೆ ಎಂದು ಓಣಿಯ ಮಂದಿಯೆಲ್ಲ ಬಂದು ನನಗೆ ಪಾಠ ಹೇಳಿದರು. ನಗಬೇಡ ಎಂದಳು ಒಬ್ಬಳು. ಸ್ವಲ್ಪ ನಗು, ಇಲ್ಲದಿದ್ದರೆ ಅದನ್ನೇ ಬರೆದುಕೊಳ್ಳುತ್ತಾರೆ ಎಂದಳು ಇನ್ನೊಬ್ಬಳು. ಸಂತೆಗೆ ಹೋಗಿ ಮಂದಿಯ ಎತ್ತನ್ನು ತನ್ನದೆಂದು ಬಿಚ್ಚಿಕೊಂಡು ಬಂದಿದ್ದ ಮುದುಕನೊಬ್ಬ ನನಗೆ ಬುದ್ಧಿ ಸ್ಥಿರವಾಗಿಟ್ಟುಕೊಳ್ಳುವ ಉಪಾಯ ಹೇಳಿದ. ಎಲ್ಲರಿಗೂ ಹೂಂ ಎಂದೆ.

ಬುಧವಾರ ನಸುಕಿನಲ್ಲೇ ಗಾಡಿ ಹೂಡಿದೆವು. ಅಪ್ಪ ಮುಂದೆ ಕೂತು ಹೊಡೆಯುತ್ತಿದ್ದ, ಹಿಂದೆ ನಾನು, ಅವ್ವ, ಅವ್ವನ ತೊಡೆಯ ಮೇಲೆ ಮಗಳು. ಅರಭಾವಿ ದಾಟುವಾಗ ಅಪ್ಪ ಹಿಂದೆ ತಿರುಗದೆಯೇ, "ಕೇಳಿದ್ದಕ್ಕಷ್ಟ ಹೇಳವಾ. ನಿನ್ನ ನಾಲಿಗಿನ ನಿನಗ ವೈರಿ ಆಗಬಾರ್ದು" ಎಂದ. ಅಪ್ಪನಿಗೆ ನನ್ನ ತಲೆಯ ಮೇಲೆ ಸಂಶಯವಿರಲಿಲ್ಲ, ನಾಲಿಗೆಯ ಮೇಲೆ ಇತ್ತು.

ಗೋಕಾಕದ ದವಾಖಾನೆಯ ಪಡಸಾಲೆಯಲ್ಲಿ ಅವರು ನಮಗಿಂತ ಮೊದಲೇ ಬಂದು ಕೂತಿದ್ದರು. ಮೈದುನ, ಅತ್ತೆ, ಜೊತೆಗೆ ಯಮಕನಮರಡಿಯ ಆ ಮಹಾಶಯ. ತಲೆಗೆ ಜರಿಯ ರುಮಾಲು ಸುತ್ತಿದ್ದ, ಕೊರಳಿಗೆ ಹೊಸ ಶಲ್ಯ. ಹೆಣ್ಣು ನೋಡಲು ಬಂದಿದ್ದನೋ ಹುಚ್ಚಿಯನ್ನು ನೋಡಲು ಬಂದಿದ್ದನೋ, ಅವನಿಗೇ ಗೊತ್ತು. ನನ್ನ ಮಗಳನ್ನು ಕಂಡು ಹಲ್ಲು ಕಿರಿದ. ಅವಳು ಅವ್ವನ ಹಿಂದೆ ಅಡಗಿದಳು. ಅವ್ವ ಅವಳನ್ನು ಕರೆದುಕೊಂಡು ಹೊರಗೆ ಬೇವಿನ ಮರದ ಕೆಳಗೆ ಹೋಗಿ ಕೂತಳು.

ನನ್ನನ್ನು ಒಳಗೆ ಕರೆದರು. ಸಾಹೇಬ ವಿಲಾಯತಿಯಿಂದ ಹೊಸದಾಗಿ ಬಂದವನು, ನಮ್ಮ ಬಿಸಿಲಿಗೆ ಕತ್ತು ಕೆಂಪಾಗಿ ಸುಲಿದಿತ್ತು. ಕನ್ನಡ ಒಂದಕ್ಷರ ಬಾರದು. ಅವನ ಇಂಗ್ಲಿಷನ್ನು ನನಗೂ ನನ್ನ ಮಾತನ್ನು ಅವನಿಗೂ ದಾಟಿಸಲು ಕಚೇರಿಯ ಕಾರಕೂನನೊಬ್ಬ ನಿಂತಿದ್ದ. ಸಾಹೇಬ ಮೊದಲು ನನ್ನ ನಾಲಿಗೆ ನೋಡಿದ. ಕಣ್ಣಿನ ರೆಪ್ಪೆ ಎಳೆದು ನೋಡಿದ. ಆಮೇಲೆ ಒಂದು ಸಣ್ಣ ಸುತ್ತಿಗೆ ತೆಗೆದುಕೊಂಡು ಸೀರೆಯ ಮೇಲಿಂದಲೇ ಮೊಣಕಾಲಿಗೆ ಬಡಿದ. ಹುಚ್ಚು ಮೊಣಕಾಲಲ್ಲಿ ಇರುತ್ತದೆಂದು ಅಲ್ಲಿಯ ತನಕ ನನಗೆ ತಿಳಿದಿರಲಿಲ್ಲ.

"ಇವತ್ತ ಯಾವ ವಾರ ಅದ ಅಂತ ಕೇಳ್ತಾರ," ಎಂದ ಕಾರಕೂನ.

"ಬುಧವಾರ ಐತ್ರಿ. ಸಾಹೇಬ್ರಿಗೆ ಗೊತ್ತಿರಲಿಲ್ಲೇನ್ರಿ?"

ಕಾರಕೂನ ಮೊದಲ ಅರ್ಧವನ್ನಷ್ಟೇ ದಾಟಿಸಿದ. ಸಾಹೇಬನ ಮೇಜಿನ ಮೇಲೆ ಕಾಗದ ಹಾರದಂತೆ ಇಟ್ಟಿದ್ದ ಒಂದು ಮಾವಿನಹಣ್ಣಿತ್ತು, ಗೋಕಾಕದ ಗೊಂಬೆ ಮಾಡುವವರು ಬಣ್ಣ ಹಚ್ಚಿ ಮಾಡಿದ್ದು. ಅದನ್ನೆತ್ತಿ, ಏನಿದು ಎಂದು ಕೇಳಿಸಿದ. "ಕಟಿಗಿ," ಎಂದೆ. ಸಾಹೇಬ ಹುಬ್ಬೇರಿಸಿ ಬರೆದುಕೊಳ್ಳಲು ಹೊರಟ. "ಕಟಿಗಿ ಮಾವಿನಹಣ್ಣರಿ. ತಿನ್ನಾಕ ಬರೂದಿಲ್ಲಂತ ಸಾಹೇಬ್ರಿಗೆ ಹೇಳ್ರಿ," ಎಂದು ಅವಸರದಿಂದ ಸೇರಿಸಿದೆ. ಮಾವು ಎಂದಿದ್ದರೆ ಕಟ್ಟಿಗೆಗೂ ಹಣ್ಣಿಗೂ ಭೇದ ತಿಳಿಯದವಳು ಎನ್ನುತ್ತಿದ್ದರು, ಕಟ್ಟಿಗೆ ಎಂದರೆ ಮಾವು ಗುರುತಿಸದವಳು. ಅಷ್ಟು ದೂರದಿಂದ ಹಡಗು ಹತ್ತಿ ಬಂದ ವಿದ್ಯೆ ಅದು.

ಮುಂದಿನ ಪ್ರಶ್ನೆ, ಯಾರೂ ಇಲ್ಲದಾಗ ನಿನಗೆ ಯಾರಾದರೂ ಮಾತಾಡಿದ ಹಾಗೆ ಕೇಳಿಸುತ್ತದೆಯೇ ಎಂದು. ನಮ್ಮತ್ತೆ ಹುಕ್ಕೇರಿಯಲ್ಲಿ ಬೈದದ್ದು ಮೂಡಲಗಿಯಲ್ಲೂ ಕೇಳಿಸುತ್ತದೆ ಎಂದು ಬಾಯಿಯ ತುದಿಗೆ ಬಂದಿತ್ತು. ಅಪ್ಪನ ಮಾತು ನೆನೆದು ಇಲ್ಲ ಎಂದೆ.

"ಮಂದಿ ನಿಮ್ಮ ವಿರುದ್ಧ ಸಂಚು ಮಾಡ್ಲಿಕತ್ತಾರ ಅಂತ ಯಾವಾಗರೆ ಅನಸ್ತದೇನು?"

ಇದಕ್ಕೇನು ಹೇಳಲಿ? ಪಡಸಾಲೆಯಲ್ಲಿ ಮೂವರು ಅರ್ಜಿಯ ಸಮೇತ ಕೂತಿದ್ದಾರೆ. ಹೌದೆಂದರೆ ಅದು ರೋಗದ ಲಕ್ಷಣ, ಇಲ್ಲವೆಂದರೆ ನಾನು ನಿಜವಾಗಿಯೂ ಹುಚ್ಚಿ. "ಅನಸೂದ್ಯಾಕರಿ, ಹೊರಗ ಕುಂತಾರ. ನೀವ ಹೋಗಿ ಕೇಳ್ರಿ," ಎಂದುಬಿಟ್ಟೆ. ಕಾರಕೂನ ಕೆಮ್ಮಿದ. ಏನು ದಾಟಿಸಿದನೋ ತಿಳಿಯದು, ಸಾಹೇಬ ಕಿಟಕಿಯಿಂದ ಪಡಸಾಲೆಯ ಕಡೆ ಒಮ್ಮೆ ಬಗ್ಗಿ ನೋಡಿದ.

ಆಮೇಲೆ ಕಾಗದ ತಿರುವಿ ಇನ್ನೊಂದು ಪ್ರಶ್ನೆ ಕೇಳಿದ. ಕಾರಕೂನ ನೆಲ ನೋಡುತ್ತ, ತಗ್ಗಿದ ದನಿಯಲ್ಲಿ, "ನಿಮ್ಮ ಮಾಲಕರ ಹೆಸರೇನು ಅಂತ ಕೇಳ್ತಾರ," ಎಂದ.

ನಮ್ಮ ಕಡೆ ಹೆಂಡತಿ ಗಂಡನ ಹೆಸರು ಹೇಳುವುದಿಲ್ಲ. ಹೇಳಿದರೆ ಅವನ ಆಯುಷ್ಯ ಕಡಿಮೆಯಾಗುತ್ತದಂತೆ. ಮುತ್ತೈದೆಯಾದರೆ ಮದುವೆಯ ಮನೆಯಲ್ಲಿ ಒಡಪು ಕಟ್ಟಿ, ಎರಡು ಸಾಲಿನ ಪದದೊಳಗೆ ಹೆಸರು ಸೇರಿಸಿ ಹೇಳಿಯಾಳು. ವಿಧವೆಗೆ ಅದೂ ಇಲ್ಲ. ಒಂಬತ್ತು ವರ್ಷ ಅವನನ್ನು "ಏನ್ರಿ" ಎಂದೇ ಕರೆದೆ. ಜ್ವರ ನೆತ್ತಿಗೇರಿ ಅವನ ಕಣ್ಣು ಮೇಲಾದಾಗಲೂ "ಏನ್ರಿ, ಏನ್ರಿ" ಎಂದೇ ಕೂಗಿದೆ. ಹೆಸರು ಹಿಡಿದು ಕೂಗಿದ್ದರೆ ತಿರುಗಿ ನೋಡುತ್ತಿದ್ದನೋ ಏನೋ.

ಕಾರಕೂನ ಸಾಹೇಬನಿಗೆ ಏನೋ ವಿವರಿಸಿದ, ನಮ್ಮ ಪದ್ಧತಿಯನ್ನೇ ಇರಬೇಕು. ಸಾಹೇಬ ತಲೆ ಅಲ್ಲಾಡಿಸಿ ಕಾಗದದ ಮೇಲೆ ಬೆರಳು ಬಡಿದ.

"ಗೊತ್ತಿದ್ರ ಹೇಳಬೇಕಂತ, ತಂಗಿ. ಹೇಳದಿದ್ರ ನೆನಪಿಲ್ಲ ಅಂತ ಬರೀತಾರಂತ."

ಪಡಸಾಲೆಯಲ್ಲಿ ಎಲ್ಲರೂ ಕಿವಿ ನಿಗುರಿಸಿದ್ದರು. ಮೈದುನನಿಗೆ ಎರಡು ಕಡೆಯೂ ಗೆಲುವು. ಹೇಳದಿದ್ದರೆ ಕಟ್ಟಿಕೊಂಡ ಗಂಡನ ಹೆಸರೂ ನೆನಪಿಲ್ಲದವಳು ಎಂದು ಸಾಹೇಬ ಬರೆಯುತ್ತಾನೆ. ಹೇಳಿದರೆ, ಹತ್ತು ಜನರೆದುರು ಗಂಡನ ಹೆಸರೆತ್ತಿದವಳಿಗೆ ಬುದ್ಧಿ ಇದೆಯೆಂದು ಮೂರೂ ಊರಿನಲ್ಲಿ ಯಾರು ಒಪ್ಪುತ್ತಾರೆ? ಹುಚ್ಚು ಬಿಡದೆ ಮದುವೆಯಾಗದು, ಮದುವೆಯಾಗದೆ ಹುಚ್ಚು ಬಿಡದು ಎನ್ನುತ್ತಾರಲ್ಲ, ಹಾಗಾಗಿತ್ತು ನನ್ನ ಪಾಡು.

ಕಿಟಕಿಯಲ್ಲಿ ಮಗಳು ಕಂಡಳು. ಉದುರಿದ ಬೇವಿನಹಣ್ಣುಗಳನ್ನು ಆರಿಸಿ ಲಂಗದ ಮಡಿಲಿಗೆ ತುಂಬುತ್ತಿದ್ದಳು. ನನಗೆ ಒಮ್ಮೆಲೇ ಸಿಟ್ಟು ಬಂತು. ಸಾಹೇಬನ ಮೇಲೆ, ಮೈದುನನ ಮೇಲೆ, ಒಂಬತ್ತು ವರ್ಷ ಬಾಯಿ ಮುಚ್ಚಿಕೊಂಡಿದ್ದ ನನ್ನ ಮೇಲೆ. ಸತ್ತವನ ಆಯುಷ್ಯ ಇನ್ನೆಷ್ಟು ಕಡಿಮೆಯಾದೀತು?

ಹೇಳಿದೆ. ಅವನ ಹೆಸರು, ಅವನ ಅಪ್ಪನ ಹೆಸರು, ಅವನ ಮನೆತನದ ಹೆಸರು, ಎಲ್ಲವನ್ನೂ ಪಡಸಾಲೆ ದಾಟಿ ಅಂಗಳಕ್ಕೆ ಕೇಳುವಷ್ಟು ಗಟ್ಟಿಯಾಗಿ ಹೇಳಿದೆ. ಆ ಹೆಸರನ್ನು ಇಲ್ಲಿ ಬರೆಯುವುದಿಲ್ಲ. ಹೆದರಿಕೆಯಿಂದಲ್ಲ, ಒಮ್ಮೆ ಕಚೇರಿಯ ಕಾಗದಕ್ಕೆ ಹತ್ತಿದ್ದು ಸಾಕು.

ಮೈದುನ ಬಾಗಿಲು ದೂಡಿಕೊಂಡು ಒಳಗೆ ಬಂದ. "ಕೇಳಿದ್ರ್ಯಾ ಸಾಹೇಬ್ರ? ಗಂಡನ ಹೆಸರ ಹಿಡದ ಹೇಳಿದ್ಲು! ಹುಚ್ಚಿ ಅನ್ನಾಕ ಇನ್ನೇನ ಸಾಕ್ಷಿ ಬೇಕ್ರಿ?"

ಸಾಹೇಬನಿಗೆ ಗದ್ದಲ ಅರ್ಥವಾಗಲಿಲ್ಲ. ಕಾರಕೂನನನ್ನು ಕೇಳಿದ. ಕಾರಕೂನ ಮೈದುನನ ಕಡೆ ತಿರುಗಿ, ಮುಖದಲ್ಲಿ ಏನೂ ತೋರಗೊಡದೆ, "ಆಕಿ ಹೇಳಿದ ಹೆಸರು ತಪ್ಪದ ಏನು ಅಂತ ಕೇಳ್ತಾರ ಸಾಹೇಬರು," ಎಂದ.

"ತಪ್ಪ ಹೆಂಗಾಕ್ಕತಿರಿ? ನಮ್ಮಣ್ಣಂದ ಹೆಸರದು! ನಮ್ಮಪ್ಪಂದೂ ಹೇಳಿದ್ಲಲ್ರಿ, ನಾಚಿಕಿ ಬಿಟ್ಟಾಕಿ!"

ಕಾರಕೂನ ಅದನ್ನು ಮಾತ್ರ ಒಂದು ಮಾತೂ ಬಿಡದೆ ದಾಟಿಸಿದನೆಂದು ಕಾಣುತ್ತದೆ. ಸಾಹೇಬ ಮೊದಲ ಸಲ ನಕ್ಕ. ನನ್ನ ಉತ್ತರ ಸರಿಯೋ ತಪ್ಪೋ ಎಂದು ನೋಡಲು ಅವನ ಹತ್ತಿರ ಬೇರೆ ದಾರಿಯೇ ಇರಲಿಲ್ಲ. ಅರ್ಜಿ ಹಾಕಿದವನೇ ಎದುರು ನಿಂತು, ಸರಿ, ಎಲ್ಲ ಸರಿ ಎಂದು ಒದರುತ್ತಿದ್ದ. ಸಾಹೇಬ ಅಲ್ಲೇ ಬರೆದು ರುಜು ಹಾಕಿದ. ಯಮಕನಮರಡಿಯವನು ರುಮಾಲು ಸರಿಪಡಿಸಿಕೊಂಡು, ಯಾರಿಗೂ ಹೇಳದೆ ಎದ್ದು ಹೋದ.

ಗೆದ್ದೆ ಎಂದು ಹೊರಗೆ ಬಂದೆ. ಅವ್ವ ಸೆರಗಿನಿಂದ ಮುಖ ಮುಚ್ಚಿಕೊಂಡಿದ್ದಳು. ಅಪ್ಪ ನನ್ನ ಕಡೆ ನೋಡದೆ ಎತ್ತು ಕಟ್ಟುತ್ತಿದ್ದ. ಗಾಡಿ ಹೊಳೆ ದಾಟಿತು. ದಾಟಿದ ಮೇಲೆ ಅಪ್ಪ ಹೇಳಿದ:

"ಗೆದ್ದಿ, ಖರೆ. ಆದ್ರ ಹೇಳಬಾರ್ದಿತ್ತವಾ."

"ಮತ್ತ ಮಗಳನ್ನ ಕೊಟ್ಟ ಬರಬೇಕಿತ್ತೇನಪ್ಪಾ?"

ಅಪ್ಪ ಎತ್ತಿನ ಬಾಲ ತಿರುವಿದ. ಸಾಹೇಬ ಪರದೇಶದವನು, ಮೈದುನ ಆಸೆಬುರುಕ. ಅವರಿಬ್ಬರಿಂದ ನಾನು ಏನನ್ನೂ ಬಯಸಿರಲಿಲ್ಲ. ಅಪ್ಪನ ಮೇಲೆ ಬಂದ ಸಿಟ್ಟು ಮಾತ್ರ ಅವನು ಮಣ್ಣಾಗುವ ತನಕ ಪೂರ್ತಿ ಇಳಿಯಲಿಲ್ಲ. ಮೊಮ್ಮಗಳನ್ನು ದಿನಾ ಹೆಗಲ ಮೇಲೆ ಹೊತ್ತು ಹೊಲಕ್ಕೆ ಒಯ್ಯುತ್ತಿದ್ದ, ಅವಳು ತನ್ನ ಹೆಗಲ ಮೇಲೆ ಉಳಿದದ್ದು ಹೇಗೆ ಎಂಬುದು ಮಾತ್ರ ಅವನಿಗೆ ಬೇಡವಾಗಿತ್ತು.

ಅಷ್ಟರಲ್ಲಿ ಮಗಳು ನನ್ನ ಗದ್ದ ಹಿಡಿದು ತನ್ನ ಕಡೆ ತಿರುಗಿಸಿಕೊಂಡಳು.

"ಅವ್ವಾ, ಒಳಗ ಜೋರಾಗಿ ಹೇಳಿದ್ಯಲ್ಲ, ಅದ್ಯಾರ ಹೆಸರ?"

"ನಿಮ್ಮಪ್ಪಂದು."

ಅವಳು ಕಣ್ಣು ಬಿಟ್ಟು ನನ್ನನ್ನೇ ನೋಡಿದಳು. ಅತ್ತೆ ಅತ್ತಾಗ "ನನ್ನ ಮಗಾ" ಎನ್ನುತ್ತಿದ್ದಳು, ಮೈದುನ "ಅಣ್ಣ" ಎನ್ನುತ್ತಿದ್ದ, ನನ್ನ ತವರಿನವರಿಗೆ ಅವನು "ಅಳಿಯಂದಿರು." ತನ್ನ ಅಪ್ಪನಿಗೆ ಒಂದು ಹೆಸರಿತ್ತು ಎಂಬುದು ಆ ಮಗುವಿಗೆ ಅಲ್ಲಿಯ ತನಕ ಗೊತ್ತೇ ಇರಲಿಲ್ಲ. ನಮಗೆ ಯಾರಿಗೂ ಅದು ಹೊಳೆದಿರಲಿಲ್ಲ, ಶಾಣ್ಯಾ ಮಂದಿ ನಾವು.

"ಇನ್ನೊಮ್ಮೆ ಹೇಳ," ಎಂದಳು.

ಅಪ್ಪ ಕೇಳಲಿ ಎಂದೇ ಹೇಳಿದೆ. ಮಗಳು ನನ್ನ ಬಾಯಿ ನೋಡುತ್ತ ತಾನೂ ಅಂದಳು. ನಡುವಿನ ಒಂದು ಅಕ್ಷರ ಅವಳ ನಾಲಿಗೆಗೆ ಹೊರಳಲಿಲ್ಲ. ಮತ್ತೆ ಅಂದಳು, ಮತ್ತೆ ಅಂದಳು. ಅವಳು ಹೆಂಡತಿಯಲ್ಲ, ಮಗಳು. ಅವಳಿಗೆ ಯಾವ ಅಡ್ಡಿಯೂ ಇಲ್ಲ. ಅಪ್ಪನೂ ಬೇಡವೆನ್ನಲಿಲ್ಲ. ಮೂಡಲಗಿ ಬರುವ ತನಕ ಅವಳು ಅಂದಳು, ನಾನು ಕೇಳುತ್ತ ಕೂತೆ. ಗಂಡ ಹೋದ ಮೇಲೆ ಅವನನ್ನು ಹೆಸರು ಹಿಡಿದು ಕರೆದವರು ಮೂರು ವರ್ಷದಲ್ಲಿ ಒಬ್ಬರೂ ಇರಲಿಲ್ಲ.