ಈ ತೋಟ ಮಾರಾಟಕ್ಕಿಲ್ಲ

ಮೊನ್ನೆ ಶನಿವಾರ ಬೆಂಡೆಕಾಯಿ ತರಲೆಂದು ಓಕ್‌ಲ್ಯಾಂಡಿಗೆ ಹೋಗಿ, ಒಂದು ಜಗಳದ ನಡುವೆ ಸಿಕ್ಕಿಕೊಂಡೆ.

ಕರೆದವಳು ಡೊರೊತಿ. ಆಸ್ಪತ್ರೆಯ ಲ್ಯಾಬಿನಲ್ಲಿ ನನ್ನ ಪಕ್ಕದ ಕುರ್ಚಿಯವಳು. ಕಪ್ಪು ಜನರೇ ಹೆಚ್ಚಾಗಿರುವ ಅವಳ ಬೀದಿಯಲ್ಲಿ ಗ್ರೋಸರಿ ಅಂಗಡಿ ಮುಚ್ಚಿ ಎಷ್ಟೋ ಕಾಲವಾಯಿತು. (ಹೆಂಡದ ಬಾಟಲಿ ಮಾತ್ರ ಮೂಲೆಮೂಲೆಗೂ ಸಿಗುತ್ತದೆ!) ಮನೆಮನೆಗೆ ಕಂಪ್ಯೂಟರು ಬರುತ್ತಿರುವ ಈ ಎಂಬತ್ತರ ದಶಕದಲ್ಲಿ, ಕಾರಿಲ್ಲದ ಮುದುಕರು ಒಂದು ಟೊಮ್ಯಾಟೊಗಾಗಿ ಎರಡು ಬಸ್ಸು ಹತ್ತಬೇಕೇ?

ಅದಕ್ಕೇ ಬೀದಿಯ ಕೆಲವು ಮನೆಯವರು ಸೇರಿ, ಚರ್ಚಿನ ಪಕ್ಕದ ಖಾಲಿ ಸೈಟನ್ನು ಕೊಂಡರು. ಕಸ ತೆಗೆದರು, ಮಣ್ಣು ಹೊತ್ತು ತಂದರು. ಈಗ ಅಲ್ಲಿ ಸೊಪ್ಪು, ಬೀನ್ಸು, ಬೆಂಡೆ. ಬೀದಿಗೆಲ್ಲ ಊಟ.

ಆ ಸೈಟನ್ನು ಯಾರೋ ಬಿಲ್ಡರು ಒಳ್ಳೆಯ ಬೆಲೆಗೆ ಕೇಳಿದ್ದ. ನಾನು ಹೋದಾಗ ಎಲ್ಲರೂ ಪಾತಿಗಳ ನಡುವೆ ನಿಂತು ಅದನ್ನೇ ವಾದಿಸುತ್ತಿದ್ದರು. ಸೈಟು ಕೊಂಡವರಲ್ಲಿ ಮಾರೋಣ ಎಂದವನು ಅರ್ಲ್ ಒಬ್ಬನೇ. ಕಾರ್ಖಾನೆ ಮುಚ್ಚಿ ಕೆಲಸ ಕಳೆದುಕೊಂಡವನು.

"ಮಳೆಗಾಲ ಬರ್ತಿದೆ, ನನ್ನ ಮನೆ ಸೋರುತ್ತೆ. ಸೊಪ್ಪು ಹೊದಿಸಿ ಸೂರು ಮುಚ್ಚೋಕಾಗುತ್ತಾ?" ಅಂದ.

ಡೊರೊತಿಯ ತಾಯಿ ರೂಬಿ ಕುರ್ಚಿಯಿಂದ ಎದ್ದರು.

"ಲೂಸಿಯಾನಾದಲ್ಲಿ ನಮ್ಮಪ್ಪ ಸಾಯೋವರೆಗೂ ಬೇರೆಯವರ ಹೊಲದಲ್ಲೇ ದುಡಿದ. ಒಂದು ದಿನ ಹೊರಡಿ ಅಂದ್ರು, ಹೊರಟ್ವಿ. ಇಲ್ಲಿಂದ ನನ್ನನ್ನ ಯಾರೂ ಹೊರಡು ಅನ್ನೋ ಹಾಗಿಲ್ಲ ಅರ್ಲ್. ನಾನು ಮಾರಲ್ಲ. ಆದ್ರೆ ನಿನ್ನ ಸೂರು ಸೋರೋಕೂ ಬಿಡಲ್ಲ."

ಅರ್ಲ್ ಟೋಪಿ ತೆಗೆದು ಮುಖ ಒರೆಸಿಕೊಂಡ. "ನನಗೂ ಮಾರೋಕೆ ಇಷ್ಟ ಇಲ್ಲ, ಮಿಸ್ ರೂಬಿ" ಅಂದ, ಮೆಲ್ಲಗೆ.

ಅಷ್ಟೇ. ಮರುದಿನ ಚರ್ಚು ಬಿಟ್ಟ ಮೇಲೆ ಅರ್ಲನ ಸೂರಿನ ಮೇಲೆ ಅರ್ಧ ಬೀದಿಯೇ ಹತ್ತಿತ್ತು! ನಾನು ನಮ್ಮೆಜಮಾನರನ್ನೂ ಎಳೆದುಕೊಂಡು ಹೋದೆ. "ಚಿಪ್ ಡಿಸೈನು ಮಾಡೋನು ಕಣೇ ನಾನು, ಏಣಿ ಗೀಣಿ ಹತ್ತಲ್ಲ" ಅಂದವರು (ಸಾಂಟಾ ಕ್ಲಾರಾದಲ್ಲಿ ಎಸಿ ರೂಮಿನ ಕೆಲಸ) ಸಂಜೆಯವರೆಗೂ ಹಲಗೆ ಹೊತ್ತರು. ಕೆಳಗೆ ರೂಬಿ ಅವರ ದೊಡ್ಡ ಪಾತ್ರೆಯಲ್ಲಿ ಬೆಂಡೆಕಾಯಿ ಕುದಿಯುತ್ತಿತ್ತು. ಎಲ್ಲರಿಗೂ ಬಡಿಸಿದವನು ಅರ್ಲ್. ಸೋಮವಾರ ಬಿಲ್ಡರಿಗೆ ಫೋನ್ ಮಾಡಿ "ಇಲ್ಲ" ಎಂದವನೂ ಅವನೇ.

ಉಣ್ಣುವ ಅನ್ನ ಬೆಳೆಯುವ ನೆಲ ತಮ್ಮದೇ ಆದರೆ ಮನುಷ್ಯರು ಎಷ್ಟು ನೆಟ್ಟಗೆ ನಿಲ್ಲುತ್ತಾರೆ!

ನಾವೋ? ಸೈಟು ನೋಡಲು ಹೋದರೆ ಮೊದಲು ಕೇಳುವುದೇ ರೀಸೇಲ್ ವ್ಯಾಲ್ಯೂ.